ಮನೆಯ ದತ್ತಭಂಡಾರ ಮತ್ತು ಕಳವಿನ ತಂತ್ರಾಂಶ

ಹಿಂದಿನ ಕಾಲದಲ್ಲಿ ಮಠಮಾನ್ಯಗಳಲ್ಲಿಯೂ ಶಾನುಭೋಗರ ಮನೆಗಳಲ್ಲಿಯೂ ಲೆಕ್ಕಪತ್ರಗಳನ್ನು ಬರೆದಿಡಲು ‘ಕಡತ’ವೆಂಬ ಸಾಧನವೊಂದಿದ್ದಿತು. ಬಟ್ಟೆಗೆ ಹುಣಿಸೆಬೀಜದ ಸರಿಯನ್ನೂ ಇದ್ದಿಲ ಪುಡಿಯನ್ನೂ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ, ಅದರ ಮೇಲೆ ಬಳಪದಿಂದ ಬರೆಯುತ್ತಿದ್ದರು. ಸಂಜೆಯ ಹೊತ್ತಿಗೆ ಅದನ್ನು ಮರದ ಪೆಟ್ಟಿಗೆಯಲ್ಲಿರಿಸಿ, ಬೀಗ ಹಾಕಿ, ಬೀಗದ ಕೈಯನ್ನು ಮನೆಯ ಹಿರಿಯರು ಸೊಂಟಕ್ಕೆ ಸಿಕ್ಕಿಸಿಕೊಳ್ಳುತ್ತಿದ್ದರು. ಆ ಕಡತವೆಂಬ ಮಾತೇ ಇಂದು ಗಣಕಯಂತ್ರದೊಳಗಿನ ಬರಹಕ್ಕೂ ಚಿತ್ರಕ್ಕೂ ಹೆಸರಾಗಿ ನಿಂತಿರುವುದು ಸಂತೋಷದ ಸಂಗತಿ. ಆದರೆ ಪೆಟ್ಟಿಗೆ ಮತ್ತು ಬೀಗದ ಕೈಗಳ ವಿಷಯದಲ್ಲಿ ಹಿರಿಯರಿಗಿದ್ದ ಎಚ್ಚರವು ಇಂದಿನ ಮನೆಗಳಲ್ಲಿ ಅಷ್ಟಾಗಿ ಕಂಡುಬರುತ್ತಿಲ್ಲ.

ಚನ್ನರಾಯಪಟ್ಟಣದಂತಹ ತಾಲ್ಲೂಕು ಕೇಂದ್ರದಲ್ಲಿಯೂ ಈಗ ಮನೆಮನೆಯಲ್ಲಿ ಸಾವಿರಾರು ಛಾಯಾಚಿತ್ರಗಳು, ಮದುವೆಯ ಚಲಚ್ಚಿತ್ರಗಳು, ಪಹಣಿ ಮತ್ತು ಕ್ರಯಪತ್ರಗಳ ಪ್ರತಿಗಳು, ಮಕ್ಕಳ ಅಂಕಪಟ್ಟಿಗಳು, ಕಾಲವಾದ ತಂದೆತಾಯಿಗಳ ಧ್ವನಿಮುದ್ರಣಗಳು ಗಣಕಯಂತ್ರದ ರೂಪದಲ್ಲಿ ಕೂಡಿಬಿದ್ದಿವೆ. ಮೊಬೈಲು ತುಂಬಿದಾಗ ಇವನ್ನು ಎಲ್ಲಿಡಬೇಕೆಂಬ ಪ್ರಶ್ನೆ ಏಳುತ್ತದೆ. ದೊಡ್ಡ ಸಂಸ್ಥೆಗಳು ಬಾಡಿಗೆಗೆ ಕೊಡುವ ದೂರದ ಸಂಗ್ರಹದಲ್ಲಿಡಲು ತಿಂಗಳು ತಿಂಗಳಿಗೂ ಹಣ ತೆರಬೇಕು. ಆದುದರಿಂದ ಬೆಂಗಳೂರಿನಲ್ಲಿಯೋ ಹೊರದೇಶದಲ್ಲಿಯೋ ಉದ್ಯೋಗದಲ್ಲಿರುವ ತರುಣರು, ಹಳೆಯ ಗಣಕಯಂತ್ರವೊಂದಕ್ಕೆ ಎರಡು ಮೂರು ಹಾರ್ಡ್ ಡಿಸ್ಕುಗಳನ್ನು ಜೋಡಿಸಿ, ಅದನ್ನು ಮನೆಯ ರೂಟರಿಗೆ ತಗುಲಿಸಿ, ಮನೆಮಂದಿಯೆಲ್ಲರ ಕಡತಗಳೂ ಒಂದೆಡೆ ಸೇರುವಂತೆ ಏರ್ಪಾಡು ಮಾಡಿಕೊಳ್ಳುತ್ತಿದ್ದಾರೆ. ಇದನ್ನೇ ಮನೆಯ ಸಂಗ್ರಹ ಸರ್ವರ್ ಎಂದು ಕರೆಯುವುದು ವಾಡಿಕೆ. ದತ್ತಭಂಡಾರವೆಂದರೂ ಸಲ್ಲುತ್ತದೆ.

ಯಂತ್ರವಿದ್ದ ಮಾತ್ರಕ್ಕೆ ಭಂಡಾರವಾಗದು. ಡಿಸ್ಕುಗಳನ್ನು ಒಗ್ಗೂಡಿಸಿ, ಕಡತಗಳನ್ನು ಕ್ರಮವಾಗಿರಿಸಿ, ಯಾರು ಯಾವುದನ್ನು ತೆರೆಯಬಹುದೆಂದು ನಿರ್ಣಯಿಸಿ, ಕೇಳಿದವರಿಗೆ ಒದಗಿಸುವ ಕಾರ್ಯವ್ಯವಸ್ಥೆಯೊಂದು ಬೇಕು. ಇಂತಹ ವ್ಯವಸ್ಥೆಗಳಲ್ಲಿ ಕೆಲವು ಧರ್ಮಾರ್ಥವಾಗಿ ದೊರೆಯುತ್ತವೆ, ಕೆಲವಕ್ಕೆ ಬೆಲೆಯುಂಟು. ಲೈಮ್ ಟೆಕ್ನಾಲಜಿ ಎಂಬ ಸಂಸ್ಥೆಯ ‘ಅನ್‌ರೇಡ್’ ಬೆಲೆಯುಳ್ಳದ್ದು; ಮೂವತ್ತು ದಿನ ಪರೀಕ್ಷಾರ್ಥವಾಗಿ ಬಳಸಿದ ಮೇಲೆ ಪರವಾನಗಿಯನ್ನು ಕೊಳ್ಳಬೇಕು. ಆ ಪರವಾನಗಿಯು ಯಂತ್ರವನ್ನು ಚಾಲೂ ಮಾಡುವ ಪೆನ್‌ಡ್ರೈವಿನ ಗುರುತಿನ ಸಂಖ್ಯೆಗೆ ಅಂಟಿಕೊಂಡಿರುತ್ತದೆ. ಸಿನಾಲಜಿ ಸಂಸ್ಥೆಯ ‘ಡಿಎಸ್‌ಎಂ’ ಎಂಬುದು ಆ ಸಂಸ್ಥೆಯೇ ಮಾರುವ ಪೆಟ್ಟಿಗೆಯೊಡನೆ ಬರುವಂಥದು. ಅದನ್ನು ಬೇರೆ ಯಂತ್ರದ ಮೇಲೆ ಉಪಾಯದಿಂದ ಓಡಿಸುವ ಪದ್ಧತಿಯೊಂದು ‘ಎಕ್ಸ್‌ಪೆನಾಲಜಿ’ ಎಂಬ ಹೆಸರಿನಲ್ಲಿ ಪ್ರಚಾರದಲ್ಲಿದೆ. ಇನ್ನು ವಿಂಡೋಸಿನ ವಿಷಯವನ್ನು ಹೇಳಬೇಕಾದುದೇ ಇಲ್ಲ. ನಮ್ಮ ಸಣ್ಣ ಊರುಗಳ ಅಂಗಡಿಗಳಲ್ಲಿ ಗಣಕಯಂತ್ರವನ್ನು ಕೊಂಡಾಗ ವಿಂಡೋಸನ್ನೂ, ಫೋಟೋಶಾಪನ್ನೂ, ಕೋರಲ್‌ಡ್ರಾವನ್ನೂ ತುಂಬಿಕೊಡುವುದು ತರಕಾರಿಯ ಜೊತೆಗೆ ಕೊತ್ತಂಬರಿ ಸೊಪ್ಪನ್ನು ಕೊಸರಾಗಿ ಹಾಕಿದಂತೆ ಎಂಬ ಭಾವನೆ ಬಹುಕಾಲದಿಂದ ಬೇರೂರಿದೆ.

ಬೆಲೆಯುಳ್ಳ ತಂತ್ರಾಂಶವು ಬೆಲೆಯಿಲ್ಲದೆ ಹೇಗೆ ದೊರೆಯುತ್ತದೆ ಎಂಬುದನ್ನು ಅರಿತರೆ ಅಪಾಯದ ಮೂಲವು ತಾನೇ ಗೋಚರವಾಗುತ್ತದೆ. ಮೂಲ ತಂತ್ರಾಂಶದೊಳಗೆ ‘ಪರವಾನಗಿ ಇದೆಯೇ?’ ಎಂದು ಕೇಳುವ ಭಾಗವೊಂದಿರುತ್ತದೆ. ಯಾರೋ ಒಬ್ಬನು ಆ ಭಾಗವನ್ನು ಹುಡುಕಿ ತೆಗೆದು, ಎಲ್ಲ ಪ್ರಶ್ನೆಗೂ ‘ಹೌದು’ ಎಂದು ಉತ್ತರ ಬರುವಂತೆ ತಿದ್ದಿ, ಆ ತಿದ್ದಿದ ಪ್ರತಿಯನ್ನು ಲೋಕಕ್ಕೆ ಹಂಚುತ್ತಾನೆ. ಹಾಗೆ ತಿದ್ದಬಲ್ಲವನು ಇನ್ನೇನನ್ನು ಬೇಕಾದರೂ ಸೇರಿಸಬಲ್ಲನು. ಆತನ ಹೆಸರು ಯಾರಿಗೂ ತಿಳಿದಿರುವುದಿಲ್ಲ. ಆತನಿಗೆ ಇದರಿಂದ ಏನು ಲಾಭವೆಂದೂ ಯಾರೂ ಕೇಳುವುದಿಲ್ಲ.

ಓಲೆಗರಿಗಳ ಪ್ರಪಂಚವನ್ನು ಬಲ್ಲವರಿಗೆ ಇದು ಹೊಸ ಸಮಸ್ಯೆಯಲ್ಲ. ವಿಜಾಪುರದ ಫ. ಗು. ಹಳಕಟ್ಟಿಯವರು (1880–1964) ಊರೂರು ತಿರುಗಿ ವಚನಗಳ ಓಲೆಗಟ್ಟುಗಳನ್ನು ಕೂಡಿಸಿ, 1925ರಲ್ಲಿ ಹಿತಚಿಂತಕ ಮುದ್ರಣಾಲಯವನ್ನು ಸ್ಥಾಪಿಸಿ ಅವನ್ನು ಬೆಳಕಿಗೆ ತಂದರು. ಆಗಲೂ ಆಮೇಲೂ ವಚನಗಳ ಸಂಪಾದಕರನ್ನು ಕಾಡಿದ ಪ್ರಶ್ನೆಯೊಂದೇ: ಈ ಪ್ರತಿಯನ್ನು ಮಾಡಿದವನು ಯಾರು, ಯಾವ ಪ್ರತಿಯಿಂದ ಮಾಡಿದನು, ನಡುವೆ ತನ್ನದೇನನ್ನಾದರೂ ಸೇರಿಸಿದನೆ? ಪಾಠಾಂತರವೂ ಪ್ರಕ್ಷೇಪವೂ ಇಲ್ಲದ ಹಸ್ತಪ್ರತಿ ಅಪರೂಪ. ಲಿಪಿಕಾರನ ತಪ್ಪು ಬಹುಮಟ್ಟಿಗೆ ನಿದ್ದೆಗಣ್ಣಿನ ತಪ್ಪು. ಅದರಿಂದ ಅರ್ಥ ಕೆಡಬಹುದೇ ಹೊರತು ಓದುವವನ ಮನೆ ಲೂಟಿಯಾಗದು. ತಂತ್ರಾಂಶದ ಪ್ರಕ್ಷೇಪವಾದರೋ ಬರಿಯ ಬರಹವಲ್ಲ, ಅದು ಕೆಲಸ ಮಾಡುವ ಬರಹ. ಯಂತ್ರವು ಅದನ್ನು ಓದಿದೊಡನೆ ಅದು ಹೇಳಿದಂತೆ ನಡೆಯುತ್ತದೆ.

ಹಣದ ಪ್ರಶ್ನೆಗಿಂತಲೂ ಮೂಲದ ಪ್ರಶ್ನೆಯೇ ಇಲ್ಲಿ ಮುಖ್ಯವೆಂಬುದಕ್ಕೆ 2015ರ ಸೆಪ್ಟೆಂಬರಿನಲ್ಲಿ ಬಯಲಾದ ಪ್ರಸಂಗವೊಂದು ನಿದರ್ಶನವಾಗಿದೆ. ಆ್ಯಪಲ್ ಸಂಸ್ಥೆಯ ಎಕ್ಸ್‌ಕೋಡ್ ಎಂಬುದು ಐಫೋನಿನ ತಂತ್ರಾಂಶಗಳನ್ನು ರಚಿಸುವ ಸಾಧನ. ಅದು ಉಚಿತವಾಗಿಯೇ ದೊರೆಯುವಂಥದು. ಆದರೂ ಚೀನಾ ದೇಶದಲ್ಲಿ ಆ್ಯಪಲ್ ತಾಣದಿಂದ ಅದನ್ನು ಇಳಿಸಿಕೊಳ್ಳಲು ಬಹಳ ಹೊತ್ತು ಹಿಡಿಯುತ್ತಿದ್ದುದರಿಂದ ಅಲ್ಲಿನ ಅನೇಕರು ಸ್ಥಳೀಯವಾಗಿ ಯಾರೋ ಇಟ್ಟಿದ್ದ ಪ್ರತಿಯನ್ನು ತೆಗೆದುಕೊಂಡರು. ಆ ಪ್ರತಿಯನ್ನು ತಿದ್ದಲಾಗಿದ್ದಿತು. ಅದರಿಂದ ರಚಿತವಾದ ತಂತ್ರಾಂಶಗಳಲ್ಲೆಲ್ಲ ಗೂಢವಾಗಿ ಮತ್ತೊಂದು ಭಾಗವು ಸೇರಿಕೊಂಡಿತು. ಕೋಟ್ಯಂತರ ಜನ ಬಳಸುತ್ತಿದ್ದ ವೀಚ್ಯಾಟಿನ ಒಂದು ಆವೃತ್ತಿಯೂ ಅದಕ್ಕೆ ತುತ್ತಾಯಿತು. ಕಾಸು ಉಳಿಸಲು ಹೋದವರಲ್ಲ ಅವರು, ಸಮಯ ಉಳಿಸಲು ಹೋದವರು ಅಷ್ಟೆ.

ವಿಂಡೋಸಿನ ಪರವಾನಗಿಯನ್ನು ವಂಚಿಸುವ ‘ಕೆಎಂಎಸ್‌ಪಿಕೊ’ ಎಂಬ ಸಾಧನದ ಹೆಸರನ್ನು ಗಣಕ ದುರಸ್ತಿಯವರೆಲ್ಲ ಬಲ್ಲರು. ಅದರ ಹೆಸರಿನಲ್ಲಿ ಹರಡುತ್ತಿದ್ದ ಪ್ರತಿಯೊಂದು ‘ಕ್ರಿಪ್ಟ್‌ಬಾಟ್’ ಎಂಬ ಕಳ್ಳ ತಂತ್ರಾಂಶವನ್ನು ಹೊತ್ತು ಬಂದು, ಬ್ರೌಸರಿನಲ್ಲಿ ನೆನಪಿಟ್ಟುಕೊಂಡಿರುವ ಪಾಸ್‌ವರ್ಡುಗಳನ್ನೂ ಡಿಜಿಟಲ್ ಹಣದ ಕೀಲಿಗಳನ್ನೂ ದೋಚುತ್ತಿದೆಯೆಂದು 2021ರ ಡಿಸೆಂಬರಿನಲ್ಲಿ ರೆಡ್ ಕ್ಯಾನರಿ ಎಂಬ ಭದ್ರತಾ ಸಂಸ್ಥೆಯು ವರದಿ ಮಾಡಿತು. ಇದಕ್ಕೂ ಘೋರವಾದುದು ‘ಸ್ಟಾಪ್’ ಅಥವಾ ‘ಡಿಜೆವಿಯು’ ಎಂಬ ಒತ್ತೆ ತಂತ್ರಾಂಶ. ಬೀಗ ಮುರಿದ ತಂತ್ರಾಂಶಗಳ ಜೊತೆಯಲ್ಲಿಯೇ ಪ್ರಧಾನವಾಗಿ ಹರಡಿದ ಇದು, ಕಡತಗಳನ್ನೆಲ್ಲ ಗೂಢಲಿಪಿಗೆ ಮಾರ್ಪಡಿಸಿ, ಹಣ ಕೊಟ್ಟರೆ ಮಾತ್ರ ಕೀಲಿ ಕೊಡುವೆನೆಂದು ಪತ್ರವಿಡುತ್ತದೆ. ಇದಕ್ಕೆ ತುತ್ತಾದವರು ದೊಡ್ಡ ಕಂಪನಿಗಳವರಲ್ಲ; ಮನೆಯವರು, ವಿದ್ಯಾರ್ಥಿಗಳು, ಸಣ್ಣ ಅಂಗಡಿಯವರು. 2019ರ ಅಕ್ಟೋಬರಿನಲ್ಲಿ ಎಮ್ಸಿಸಾಫ್ಟ್ ಸಂಸ್ಥೆಯು ಇದರ 148 ಪ್ರಭೇದಗಳಿಗೆ ಉಚಿತ ಪರಿಹಾರವನ್ನು ಹೊರತಂದಿತಾದರೂ, ಆ ಬಳಿಕ ಹುಟ್ಟಿದ ಪ್ರಭೇದಗಳಲ್ಲಿ ಪ್ರತಿಯೊಂದು ಯಂತ್ರಕ್ಕೂ ಬೇರೆ ಬೇರೆ ಕೀಲಿಯನ್ನು ದೂರದಿಂದ ತರಿಸಿಕೊಳ್ಳುವ ಕ್ರಮವಿದ್ದುದರಿಂದ ಬಹುತೇಕ ಜನರ ಕಡತಗಳು ಹೋದವು ಹೋದವೇ ಆದವು.

ಒಂದು ಸಾಮಾನ್ಯ ಗಣಕಯಂತ್ರದಲ್ಲಿ ಹೀಗಾದರೆ ಅದೊಂದರ ಕಡತಗಳು ನಷ್ಟವಾಗುತ್ತವೆ. ಭಂಡಾರದಲ್ಲಿ ಆದರೆ? ಮನೆಯ ಎಲ್ಲರ ಕಡತಗಳೂ ಅಲ್ಲಿಯೇ ಇರುವುವಷ್ಟೆ. ಅಲ್ಲದೆ ಕಾರ್ಯವ್ಯವಸ್ಥೆಯೆಂಬುದು ಯಂತ್ರದ ಸರ್ವಾಧಿಕಾರಿ. ಸಾಧಾರಣ ತಂತ್ರಾಂಶವೊಂದು ಅತಿಥಿಯಂತೆ ಹಜಾರದಲ್ಲಿ ಕುಳಿತರೆ, ಕಾರ್ಯವ್ಯವಸ್ಥೆಯು ಯಜಮಾನನಂತೆ ಅಡುಗೆಮನೆಗೂ ದೇವರಮನೆಗೂ ನುಗ್ಗಬಲ್ಲದು. ಅದನ್ನೇ ಅಪರಿಚಿತನ ಕೈಯಿಂದ ತಂದು ಸ್ಥಾಪಿಸಿದ ಮೇಲೆ, ಅದರ ಮೇಲೆ ಎಷ್ಟು ಒಳ್ಳೆಯ ಪಾಸ್‌ವರ್ಡ್ ಹಾಕಿದರೂ ಫಲವಿಲ್ಲ. ಇನ್ನೊಂದು ವಿಚಾರ. ಈ ಯಂತ್ರವು ಹಗಲಿರುಳೂ ಚಾಲೂ ಇರುತ್ತದೆ, ಸದಾ ಅಂತರಜಾಲಕ್ಕೆ ತಗುಲಿಕೊಂಡಿರುತ್ತದೆ, ಆದರೆ ಅದರ ಮುಂದೆ ಯಾರೂ ಕುಳಿತಿರುವುದಿಲ್ಲ. ಅಟ್ಟದ ಮೇಲೋ ಟಿ.ವಿ. ಮೇಜಿನ ಕೆಳಗೋ ಇರುವ ಪೆಟ್ಟಿಗೆಯು ರಾತ್ರಿ ಎರಡು ಗಂಟೆಯಲ್ಲಿ ಯಾರಿಗಾಗಿ ದುಡಿಯುತ್ತಿದೆ ಎಂದು ನೋಡುವವರಾರು? ಇತರರ ಮೇಲೆ ದಾಳಿ ಮಾಡಲು, ಡಿಜಿಟಲ್ ಹಣವನ್ನು ಗಣಿಸಲು ಇಂತಹ ಯಂತ್ರಗಳು ಸೂರೆಗೊಳ್ಳಲ್ಪಡುವುದುಂಟು. ಮನೆಯವರಿಗೆ ಕಾಣಿಸುವುದು ಏರಿದ ವಿದ್ಯುತ್ ಬಿಲ್ಲು ಮಾತ್ರ.

ತಿದ್ದಿದ ಪ್ರತಿಯಲ್ಲಿ ಯಾವ ಕೇಡೂ ಇಲ್ಲವೆಂದೇ ಇಟ್ಟುಕೊಳ್ಳೋಣ. ಆಗಲೂ ಎರಡನೆಯ ಅಪಾಯವೊಂದು ಉಳಿದೇ ಇರುತ್ತದೆ. ವಿಚಾರಮಾಡಿ ನೋಡಿದರೆ ಮನೆಯ ಭಂಡಾರಕ್ಕೆ ಇದೇ ಮೊದಲನೆಯದಕ್ಕಿಂತ ದೊಡ್ಡದು. ಅದೆಂದರೆ ನವೀಕರಣದ ಅಭಾವ. ಯಾವ ತಂತ್ರಾಂಶವೂ ನಿರ್ದೋಷವಾಗಿ ಹುಟ್ಟುವುದಿಲ್ಲ. ದೋಷಗಳು ತಿಳಿದಂತೆಲ್ಲ ತಯಾರಕರು ತಿದ್ದುಪಡಿಗಳನ್ನು ಕಳುಹಿಸುತ್ತಿರುತ್ತಾರೆ. ಕಳವಿನ ಪ್ರತಿಯನ್ನು ಬಳಸುವವರು ಈ ತಿದ್ದುಪಡಿಗಳನ್ನು ಕಂಡರೆ ಹೆದರುತ್ತಾರೆ. ಏಕೆಂದರೆ ಅವುಗಳ ಜೊತೆಗೆ ಪರವಾನಗಿಯ ಪರೀಕ್ಷೆಯೂ ಬಂದು, ಮುರಿದ ಬೀಗ ಮತ್ತೆ ಮುಚ್ಚಿಕೊಳ್ಳಬಹುದು. ಎಕ್ಸ್‌ಪೆನಾಲಜಿಯಂತಹ ಪದ್ಧತಿಯಲ್ಲಿ ನವೀಕರಣದ ಬಳಿಕ ಯಂತ್ರವು ಏಳದೆಯೇ ಹೋಗಬಹುದು. ಆದುದರಿಂದ ಅವರು ನವೀಕರಣವನ್ನೇ ನಿಲ್ಲಿಸಿಬಿಡುತ್ತಾರೆ. ಅಂದು ಸ್ಥಾಪಿಸಿದ ತಂತ್ರಾಂಶವು ಅಂದಿನ ದೋಷಗಳೊಡನೆಯೇ ವರ್ಷಾನುಗಟ್ಟಲೆ ಬಾಗಿಲು ತೆರೆದುಕೊಂಡು ಕುಳಿತಿರುತ್ತದೆ.

ಇದರ ಪರಿಣಾಮವೇನೆಂಬುದನ್ನು 2017ರ ಮೇ 12ರಂದು ಲೋಕವೆಲ್ಲ ಕಂಡಿತು. ‘ವನ್ನಾಕ್ರೈ’ ಎಂಬ ಒತ್ತೆ ತಂತ್ರಾಂಶವು ಒಂದೆರಡು ದಿನಗಳಲ್ಲಿ 150ಕ್ಕೂ ಹೆಚ್ಚು ದೇಶಗಳಿಗೆ ಹಬ್ಬಿತು. ಅದು ಬಳಸಿಕೊಂಡ ದೋಷವಿದ್ದುದು ವಿಂಡೋಸಿನ ಕಡತ ಹಂಚಿಕೆಯ ಭಾಗದಲ್ಲಿ. ಅಂದರೆ ಒಂದು ಯಂತ್ರದ ಕಡತವನ್ನು ಮತ್ತೊಂದು ಯಂತ್ರವು ತೆರೆಯಲು ನೆರವಾಗುವ, ಮನೆಯ ಸರ್ವರಿಗೆ ಜೀವನಾಡಿಯಾದ ಆ ಭಾಗದಲ್ಲಿಯೇ. ಮೈಕ್ರೋಸಾಫ್ಟ್ ಸಂಸ್ಥೆಯು ಅದರ ತಿದ್ದುಪಡಿಯನ್ನು ಮಾರ್ಚ್ 14ರಂದೇ, ಎಂಟು ವಾರಗಳಿಗೂ ಮೊದಲೇ, ಬಿಡುಗಡೆ ಮಾಡಿದ್ದಿತು. ಅದನ್ನು ಹಾಕಿಕೊಂಡವರು ಪಾರಾದರು. ಹಾಕಿಕೊಳ್ಳದವರಲ್ಲಿ ಅಸಲಿ ಪ್ರತಿಯವರೂ ಇದ್ದರು, ಕಳವಿನ ಪ್ರತಿಯವರೂ ಇದ್ದರು. ನಮ್ಮ ಗಡಿಗೆ ಹೊಂದಿಕೊಂಡಿರುವ ಕೇರಳದ ವಯನಾಡು ಜಿಲ್ಲೆಯ ತರಿಯೋಡು ಗ್ರಾಮ ಪಂಚಾಯಿತಿಯ ಕಚೇರಿಗೂ ಅದರ ಬಿಸಿ ತಟ್ಟಿತು. ಲಂಡನ್ನಿನ ಆಸ್ಪತ್ರೆಗೂ ಮಲೆನಾಡಿನಾಚೆಯ ಪಂಚಾಯಿತಿಗೂ ಒಂದೇ ವಾರದಲ್ಲಿ ಒಂದೇ ಕೇಡು ಬಂದೊದಗುವ ಕಾಲವಿದು. ಅದೇ ತಿಂಗಳ 24ರಂದು ಲಿನಕ್ಸಿನ ಮೇಲೆ ಕಡತ ಹಂಚುವ ‘ಸಾಂಬಾ’ದಲ್ಲಿಯೂ ಏಳು ವರ್ಷಗಳಿಂದ ಅಡಗಿದ್ದ ದೋಷವೊಂದು ಪ್ರಕಟವಾಯಿತು. ಮನೆಗಳಲ್ಲಿ ಬಳಸುವ ಸಂಗ್ರಹ ಪೆಟ್ಟಿಗೆಗಳ ಒಳಗಿರುವುದು ಬಹುಮಟ್ಟಿಗೆ ಈ ಸಾಂಬಾವೇ. ಆದ್ದರಿಂದ ‘ವಿಂಡೋಸ್ ಇಲ್ಲ, ಭಯವಿಲ್ಲ’ ಎಂಬ ಮಾತು ಪೂರ್ತಿ ಸರಿಯಲ್ಲ.

ಇಲ್ಲಿ ನ್ಯಾಯವಾಗಿ ಒಂದು ಮಾತನ್ನು ಹೇಳಬೇಕು. ಹಣ ಕೊಟ್ಟು ಕೊಂಡವರೆಲ್ಲರೂ ಸುಖವಾಗಿದ್ದಾರೆಂದು ಯಾರೂ ಭಾವಿಸಬೇಕಾಗಿಲ್ಲ. ವೆಸ್ಟರ್ನ್ ಡಿಜಿಟಲ್ ಸಂಸ್ಥೆಯ ‘ಮೈ ಬುಕ್ ಲೈವ್’ ಎಂಬ ಪೆಟ್ಟಿಗೆಗಳನ್ನು ಕೊಂಡಿದ್ದ ಗೃಹಸ್ಥರು 2021ರ ಜೂನಿನ ಒಂದು ದಿನ ಬೆಳಗ್ಗೆ ಎದ್ದು ನೋಡಿದಾಗ ವರ್ಷಗಳ ಛಾಯಾಚಿತ್ರಗಳು ಅಳಿಸಿಹೋಗಿ ಪೆಟ್ಟಿಗೆಯು ಹೊಸದರಂತೆ ಬರಿದಾಗಿದ್ದಿತು. ಅವೆಲ್ಲ ಅಸಲಿ ಪೆಟ್ಟಿಗೆಗಳೇ. ಆದರೆ 2015ರ ಬಳಿಕ ಅವಕ್ಕೆ ನವೀಕರಣವೇ ಬಂದಿರಲಿಲ್ಲ. ಕ್ಯೂನ್ಯಾಪ್ ಸಂಸ್ಥೆಯ ಪೆಟ್ಟಿಗೆಗಳ ಮೇಲೆ 2021ರ ಏಪ್ರಿಲಿನಲ್ಲಿ ‘ಕ್ಯೂಲಾಕರ್’, 2022ರ ಜನವರಿಯಲ್ಲಿ ‘ಡೆಡ್‌ಬೋಲ್ಟ್’ ದಾಳಿಗಳು ನಡೆದವು. ಮೊದಲನೆಯದರಲ್ಲಿ 0.01 ಬಿಟ್‌ಕಾಯಿನ್, ಎರಡನೆಯದರಲ್ಲಿ 0.03 ಬಿಟ್‌ಕಾಯಿನ್ ಒತ್ತೆಹಣ ಕೇಳಲಾಯಿತು. ಡೆಡ್‌ಬೋಲ್ಟಿನ ಸಮಯದಲ್ಲಿ ಕ್ಯೂನ್ಯಾಪ್ ಸಂಸ್ಥೆಯು, ಕೆಲವು ಗಿರಾಕಿಗಳು ಗೊಣಗಿದರೂ ಲೆಕ್ಕಿಸದೆ, ತಿದ್ದುಪಡಿಯನ್ನು ತಾನಾಗಿಯೇ ಪೆಟ್ಟಿಗೆಗಳಿಗೆ ತಳ್ಳಿತು. ಅದೇ ವರ್ಷದ ಅಕ್ಟೋಬರಿನಲ್ಲಿ ನೆದರ್ಲೆಂಡಿನ ಪೊಲೀಸರು ಒತ್ತೆಹಣವನ್ನು ಕಳುಹಿಸಿದಂತೆ ಮಾಡಿ, ಕೀಲಿ ಬಂದೊಡನೆ ಹಣ ಸಂದಾಯವನ್ನು ರದ್ದುಗೊಳಿಸಿ, 150ಕ್ಕೂ ಹೆಚ್ಚು ಕೀಲಿಗಳನ್ನು ಗಿಟ್ಟಿಸಿಕೊಂಡರು. ಕಳ್ಳನಿಗೇ ಟೋಪಿ ಹಾಕಿದ ಇಂತಹ ಪ್ರಸಂಗಗಳು ಅಪರೂಪ. ಒಟ್ಟಿನಲ್ಲಿ ಅಸಲಿ ಪ್ರತಿಯು ವಜ್ರಕವಚವಲ್ಲ. ಕೇಡು ಬಂದಾಗ ಹೋಗಿ ತಟ್ಟಲು ಒಂದು ಬಾಗಿಲಿರುತ್ತದೆ ಎಂಬುದೇ ಅದರ ವಿಶೇಷ. ಕಳವಿನ ಪ್ರತಿಯವನು ಯಾರ ಬಾಗಿಲನ್ನು ತಟ್ಟಬೇಕು?

ಕಾನೂನಿನ ವಿಷಯವನ್ನೂ ಮರೆಯುವಂತಿಲ್ಲ. 1957ರ ಕೃತಿಸ್ವಾಮ್ಯ ಅಧಿನಿಯಮಕ್ಕೆ 1994ರಲ್ಲಿ ಆದ ತಿದ್ದುಪಡಿಯ ಮೂಲಕ 63-ಬಿ ಎಂಬ ಪ್ರಕರಣವು ಸೇರಿತು. ಅಕ್ರಮ ಪ್ರತಿಯೆಂದು ತಿಳಿದೂ ತಂತ್ರಾಂಶವನ್ನು ಗಣಕಯಂತ್ರದಲ್ಲಿ ಬಳಸುವವನಿಗೆ ಏಳು ದಿನಗಳಿಗೆ ಕಡಿಮೆಯಲ್ಲದ, ಮೂರು ವರ್ಷಗಳವರೆಗಿನ ಕಾರಾಗೃಹವಾಸವನ್ನೂ, 50,000 ರೂಪಾಯಿಯಿಂದ 2 ಲಕ್ಷ ರೂಪಾಯಿಯವರೆಗಿನ ದಂಡವನ್ನೂ ಅದು ವಿಧಿಸುತ್ತದೆ. ಲಾಭಕ್ಕಾಗಿಯಾಗಲಿ ವ್ಯಾಪಾರದ ಅಂಗವಾಗಿಯಾಗಲಿ ಬಳಸದಿದ್ದ ಪಕ್ಷದಲ್ಲಿ ನ್ಯಾಯಾಲಯವು ಕಾರಣಗಳನ್ನು ದಾಖಲಿಸಿ ಸೆರೆವಾಸವನ್ನು ಬಿಟ್ಟು 50,000 ರೂಪಾಯಿವರೆಗೆ ದಂಡವನ್ನು ಮಾತ್ರ ಹಾಕಬಹುದು. ಅದೇ ಅಧಿನಿಯಮವು, ನ್ಯಾಯವಾಗಿ ಪಡೆದ ತಂತ್ರಾಂಶವು ನಾಶವಾದೀತೆಂಬ ಎಚ್ಚರದಿಂದ ಕಾಪಿಡಲು ಪ್ರತಿ ಮಾಡಿಟ್ಟುಕೊಳ್ಳುವುದನ್ನು ಅಪರಾಧವೆಂದು ಎಣಿಸುವುದಿಲ್ಲ ಎಂಬುದನ್ನೂ ಗಮನಿಸಬೇಕು. ಮನೆಯೊಳಗಿನ ಸರ್ವರನ್ನು ಹುಡುಕಿಕೊಂಡು ಪೊಲೀಸರು ಬರುವ ಸಂಭವ ಕಡಿಮೆಯೆಂಬುದು ನಿಜ. ಆದರೆ ಶಾಲೆಗಳ ಸ್ಥಿತಿ ಬೇರೆ.

ದಾನಿಗಳೂ ಹಳೆಯ ವಿದ್ಯಾರ್ಥಿಗಳೂ ತಮ್ಮ ಶಾಲೆಗೆ ಗಣಕಯಂತ್ರಗಳನ್ನು ಕೊಡುಗೆಯಾಗಿ ನೀಡುವುದು ನಮ್ಮ ಕಡೆ ಈಗ ಸಾಮಾನ್ಯವಾಗಿದೆ. ಯಂತ್ರಕ್ಕೆ ರಸೀದಿಯಿರುತ್ತದೆ, ಸಮಾರಂಭದಲ್ಲಿ ಹಾರ ತುರಾಯಿಗಳಿರುತ್ತವೆ. ಒಳಗಿರುವ ತಂತ್ರಾಂಶಕ್ಕೆ ಮಾತ್ರ ಕಾಗದವಿರುವುದಿಲ್ಲ. ಕೊಟ್ಟವರಿಗೆ ಅದು ತಿಳಿದಿರುವುದಿಲ್ಲ, ಅಂಗಡಿಯವನು ಹೇಳಿರುವುದಿಲ್ಲ. ಆ ಯಂತ್ರದಲ್ಲಿಯೇ ಮುಂದೆ ಪ್ರವೇಶ ಪುಸ್ತಕ, ಅಂಕಪಟ್ಟಿ, ವೇತನದ ಲೆಕ್ಕ, ಶಾಲೆಯ ಹಳೆಯ ಛಾಯಾಚಿತ್ರಗಳು ಶೇಖರವಾಗುತ್ತವೆ. ಹೊಣೆಯು ಬಳಸುವವರ ತಲೆಯ ಮೇಲೆ ಬರುತ್ತದೆ. ದಾನವಾಗಿ ಬಂದ ಯಂತ್ರದಲ್ಲಿ ಏನು ಹಾಕಿದೆ, ಅದಕ್ಕೆ ಪರವಾನಗಿ ಉಂಟೋ ಎಂದು ವಿನಯದಿಂದಲೇ ಕೇಳುವುದು ಉಪಾಧ್ಯಾಯರಿಗೆ ಸಂಕೋಚದ ವಿಷಯವಾಗಬಾರದು. ಕೊಡುವವರು ತಾವೇ ಮೊದಲು ಕೇಳಿಕೊಂಡರೆ ಇನ್ನೂ ಉತ್ತಮ.

ಇಷ್ಟನ್ನೆಲ್ಲ ಕೇಳಿದ ಮೇಲೆ ‘ಬಡವರು ಏನು ಮಾಡಬೇಕು?’ ಎಂಬ ಪ್ರಶ್ನೆ ಸಹಜವಾಗಿ ಏಳುತ್ತದೆ. ಅದು ಹಗುರವಾಗಿ ತಳ್ಳಿಹಾಕತಕ್ಕ ಪ್ರಶ್ನೆಯಲ್ಲ. ತಾಲ್ಲೂಕು ಕೇಂದ್ರದ ಒಬ್ಬ ಡಿ.ಟಿ.ಪಿ. ಕೆಲಸದವನನ್ನು ನೋಡಬಹುದು. ಮದುವೆಯ ಕರೆಯೋಲೆ, ಜಾತ್ರೆಯ ಭಿತ್ತಿಪತ್ರ, ಸ್ಮರಣ ಸಂಚಿಕೆಗಳನ್ನು ಅವನು ಪೇಜ್‌ಮೇಕರಿನಲ್ಲಿಯೇ ಜೋಡಿಸಿದವನು. ಅಡೋಬಿ ಸಂಸ್ಥೆಯು 2001ರ ಏಳನೆಯ ಆವೃತ್ತಿಯ ಬಳಿಕ ಅದನ್ನು ಬೆಳೆಸುವುದನ್ನೇ ಬಿಟ್ಟಿತು. ಅದು ಯೂನಿಕೋಡನ್ನು ಅರಿಯದು. ಹಳೆಯ ನುಡಿ, ಶ್ರೀಲಿಪಿಗಳ ಅಕ್ಷರಗಳಲ್ಲಿ ಜೋಡಿಸಿದ ವರ್ಷಾನುವರ್ಷಗಳ ಕೆಲಸವೆಲ್ಲ ಅದರೊಳಗೆ ಸಿಕ್ಕಿಕೊಂಡಿದೆ. ಹಣ ಕೊಡುತ್ತೇನೆಂದರೂ ಹೊಸದಾಗಿ ಕೊಳ್ಳಲು ದೊರೆಯದ ತಂತ್ರಾಂಶ ಅದು. ಇಂತಹವನನ್ನು ಕಳ್ಳನೆಂದು ಕರೆದು ಕೈತೊಳೆದುಕೊಳ್ಳುವುದು ಸರಿಯಲ್ಲ. ಆದರೆ ಆ ಯಂತ್ರವನ್ನೂ ಕಡತಗಳ ಭಂಡಾರವನ್ನೂ ಒಂದೇ ಮಾಡದಿರುವುದು ಅವನ ಕೈಯಲ್ಲಿದೆ. ಹಳೆಯ ಕೆಲಸದ ಯಂತ್ರವು ಅಂತರಜಾಲದ ತಂತಿಯಿಲ್ಲದೆ ತನ್ನ ಪಾಡಿಗೆ ಒಂದು ಮೂಲೆಯಲ್ಲಿರಲಿ. ಗಿರಾಕಿಗಳ ಕಡತಗಳು ಬೇರೆಡೆ ಕಾಪಾಡಲ್ಪಡಲಿ.

ಮನೆಯ ಸರ್ವರಿನ ಮಟ್ಟಿಗಂತೂ ಕಳವಿಗೆ ಬಡತನವು ನೆಪವಾಗಲಾರದು. ಏಕೆಂದರೆ ಈ ಕೆಲಸಕ್ಕೆ ಬೇಕಾದ ಅತ್ಯುತ್ತಮ ತಂತ್ರಾಂಶಗಳೇ ಮುಕ್ತವಾಗಿ ದೊರೆಯುತ್ತವೆ. 2005ರಲ್ಲಿ ‘ಫ್ರೀನ್ಯಾಸ್’ ಎಂಬ ಹೆಸರಿನಲ್ಲಿ ಆರಂಭವಾದುದು ಇಂದು ‘ಟ್ರೂನ್ಯಾಸ್’ ಎಂದು ಪ್ರಸಿದ್ಧವಾಗಿದೆ. ಡೆಬಿಯನ್ನಿನ ತಳಹದಿಯ ಮೇಲೆ ಕಟ್ಟಿರುವ ‘ಓಪನ್‌ಮೀಡಿಯಾವಾಲ್ಟ್’ ಹಳೆಯ, ಶಕ್ತಿಗುಂದಿದ ಯಂತ್ರಗಳಲ್ಲಿಯೂ ನಡೆಯುತ್ತದೆ. ಇವುಗಳ ಮೂಲ ಬರಹವು ಬಯಲಿನಲ್ಲಿರುವುದರಿಂದ ಬಲ್ಲವರು ಓದಿ ನೋಡಬಹುದು, ನವೀಕರಣಗಳು ಕ್ರಮವಾಗಿ ಬರುತ್ತವೆ, ಬೀಗ ಮುರಿಯುವ ಪ್ರಶ್ನೆಯೇ ಇಲ್ಲ. ಉಚಿತವಾದುದು ಕೀಳೆಂಬ ಭಾವನೆ ಕನ್ನಡಿಗರಲ್ಲಿ ಇರಲಾಗದು. ಕನ್ನಡದ ಕೀಲಿಮಣೆಯ ವಿನ್ಯಾಸವನ್ನು ರೂಪಿಸಿದ ಕೆ. ಪಿ. ರಾವ್ ಅವರು ಅದನ್ನು ಮುಕ್ತವಾಗಿ ಲೋಕಕ್ಕೆ ಕೊಟ್ಟರು. 1998ರಲ್ಲಿ ಶೇಷಾದ್ರಿವಾಸು ಅವರ ‘ಬರಹ’ವು ಮೊದಲು ಹೊರಬಂದುದೂ ಉಚಿತವಾಗಿಯೇ. ಇಂದು ಕನ್ನಡದಲ್ಲಿ ಬೆರಳಚ್ಚು ಮಾಡುವ ಬಹುಮಂದಿ ಆ ಔದಾರ್ಯದ ನೆರಳಿನಲ್ಲಿದ್ದಾರೆ. ನೆರೆಯ ಕೇರಳವು ತನ್ನ ಶಾಲೆಗಳ ಗಣಕಶಿಕ್ಷಣವನ್ನು ಮುಕ್ತ ತಂತ್ರಾಂಶದ ಮೇಲೆಯೇ ನಿಲ್ಲಿಸಿರುವುದರಿಂದ ಕಾಸರಗೋಡಿನ ಕನ್ನಡ ಮಾಧ್ಯಮದ ಮಕ್ಕಳೂ ಲಿನಕ್ಸಿನಲ್ಲಿಯೇ ಪಾಠ ಕಲಿಯುತ್ತಾರೆ.

ಮುಕ್ತ ತಂತ್ರಾಂಶವನ್ನು ಪಡೆಯುವಾಗಲೂ ಮೂಲ ತಾಣದಿಂದಲೇ ಪಡೆದು, ತಾಳೆ ನೋಡಬೇಕು. ಪ್ರತಿಯೊಂದು ಕಡತಕ್ಕೂ ಗಣಿತದ ಮೂಲಕ ದೊರೆಯುವ 64 ಅಕ್ಷರಗಳ ಮುದ್ರೆಯೊಂದನ್ನು ತಯಾರಕರು ಪ್ರಕಟಿಸಿರುತ್ತಾರೆ. ಕಡತದಲ್ಲಿ ಒಂದು ಚುಕ್ಕೆ ಬದಲಾದರೂ ಮುದ್ರೆ ಪೂರ್ತಿ ಬದಲಾಗುತ್ತದೆ. 2016ರ ಫೆಬ್ರವರಿ 20ರಂದು ಲಿನಕ್ಸ್ ಮಿಂಟಿನ ತಾಣಕ್ಕೇ ನುಗ್ಗಿ ಕೊಂಡಿಯನ್ನು ಬದಲಿಸಿ, ಕೇಡು ಬೆರೆತ ಪ್ರತಿಯನ್ನು ಹಂಚಿದ್ದರು. ಅಸಲಿ ಮುದ್ರೆಯೊಡನೆ ತಾಳೆ ನೋಡಿದರೆ ಇಂತಹ ಮೋಸವನ್ನು ಗುರುತಿಸಬಹುದು.

ಮತ್ತೊಂದು ತಪ್ಪು ತಿಳಿವಳಿಕೆಯನ್ನು ಇಲ್ಲಿಯೇ ನಿವಾರಿಸಬೇಕು. ಎರಡು ಡಿಸ್ಕುಗಳಲ್ಲಿ ಏಕಕಾಲಕ್ಕೆ ಬರೆಯುವ ‘ರೇಡ್’ ವ್ಯವಸ್ಥೆಯಿದ್ದರೆ ಕಡತಗಳು ಸುರಕ್ಷಿತವೆಂದು ಅನೇಕರು ನಂಬಿದ್ದಾರೆ. ಒಂದು ಡಿಸ್ಕು ಕೆಟ್ಟರೆ ಮತ್ತೊಂದು ಉಳಿಯುವುದು ನಿಜ. ಆದರೆ ಒತ್ತೆ ತಂತ್ರಾಂಶವು ಒಂದರಲ್ಲಿ ಕೆಡಿಸಿದುದು ಅದೇ ಕ್ಷಣದಲ್ಲಿ ಇನ್ನೊಂದರಲ್ಲಿಯೂ ಕೆಡುತ್ತದೆ. ಕನ್ನಡಿಯು ಮುಖದ ಮಸಿಯನ್ನೂ ತೋರಿಸುವಂತೆ. ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಊರಿನಲ್ಲಿ ಎಂಬ ಸೂತ್ರವು ಇಂದು ಎಲ್ಲೆಡೆ ಪ್ರಚಲಿತವಾಗಿದೆ; ಪೀಟರ್ ಕ್ರೋ ಎಂಬ ಛಾಯಾಗ್ರಾಹಕರು ಇದನ್ನು ಬಳಕೆಗೆ ತಂದವರು. ಒಂದು ಪ್ರತಿ ಚನ್ನರಾಯಪಟ್ಟಣದ ಮನೆಯ ಸರ್ವರಿನಲ್ಲಿ, ಎರಡನೆಯದು ಬೀರುವಿನಲ್ಲಿಟ್ಟ, ತಂತಿ ಬಿಚ್ಚಿದ ಡಿಸ್ಕಿನಲ್ಲಿ, ಮೂರನೆಯದು ಬೆಂಗಳೂರಿನ ಮಗಳ ಮನೆಯಲ್ಲಿ ಎಂದಾದರೆ ಸೂತ್ರವು ಪೂರ್ತಿಯಾಯಿತು. ಏಕಪ್ರತಿಯ ಅಪಾಯವನ್ನು ಮೈಸೂರಿನವರಿಗೆ ಬೇರೆ ಹೇಳಬೇಕಾಗಿಲ್ಲ, 1905ರಲ್ಲಿ ಆರ್. ಶಾಮಶಾಸ್ತ್ರಿಗಳ ಕಣ್ಣಿಗೆ ಬಿದ್ದ ಓಲೆಗಟ್ಟು ಗೆದ್ದಲಿನ ಪಾಲಾಗಿದ್ದರೆ, 1909ರಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವು ಅಚ್ಚಾಗುವ ಯೋಗವಿರುತ್ತಿರಲಿಲ್ಲ. ಮಳೆಗಾಲದ ಸಂಜೆಗಳಲ್ಲಿ ವಿದ್ಯುತ್ತು ಹೋಗಿ ಬರುವ ನಮ್ಮ ಊರುಗಳಲ್ಲಿ ಸರ್ವರಿಗೆ ಚಿಕ್ಕದೊಂದು ಯು.ಪಿ.ಎಸ್. ಇರಬೇಕಾದುದು ಇದರ ಜೊತೆಯ ಮಾತು.

ಈಗಾಗಲೇ ಕಳವಿನ ತಂತ್ರಾಂಶದ ಮೇಲೆ ಭಂಡಾರವನ್ನು ಕಟ್ಟಿಕೊಂಡಿರುವವರು ಗಾಬರಿಪಡಬೇಕಾದುದಿಲ್ಲ. ಡಿಸ್ಕುಗಳನ್ನು ಒಮ್ಮೆಲೇ ಅಳಿಸುವುದಂತೂ ಕೂಡದು. ಮೊದಲು ರೂಟರಿನಲ್ಲಿ ಹೊರಗಿನಿಂದ ಸರ್ವರಿಗೆ ತೆರೆದಿರುವ ದಾರಿಗಳನ್ನು ಮುಚ್ಚಿ, ಯಂತ್ರವನ್ನು ಅಂತರಜಾಲದಿಂದ ಬೇರ್ಪಡಿಸಬೇಕು. ಬಳಿಕ ಯಂತ್ರವನ್ನು ನಿಲ್ಲಿಸಿ, ಸ್ವಚ್ಛವಾದ ಲಿನಕ್ಸ್ ಪೆನ್‌ಡ್ರೈವಿನಿಂದ ಅದನ್ನು ಚಾಲೂ ಮಾಡಿ, ಛಾಯಾಚಿತ್ರ, ಬರಹ, ಧ್ವನಿ ಮುಂತಾದ ಕಡತಗಳನ್ನು ಮಾತ್ರ ಹೊಸ ಡಿಸ್ಕಿಗೆ ಇಳಿಸಿಕೊಳ್ಳಬೇಕು. ಅನ್‌ರೇಡಿನಲ್ಲಿ ಪ್ರತಿಯೊಂದು ದತ್ತ ಡಿಸ್ಕೂ ತನ್ನ ಕಡತಗಳನ್ನು ಬಿಡಿಯಾಗಿಯೇ ಇಟ್ಟುಕೊಂಡಿರುವುದರಿಂದ ಸಾಧಾರಣ ಲಿನಕ್ಸ್ ಯಂತ್ರವು ಅದನ್ನು ಓದಬಲ್ಲದು; ಸಿನಾಲಜಿಯ ಕ್ರಮವೂ ಲಿನಕ್ಸಿನ ಸಾಧನಗಳ ಮೇಲೆಯೇ ನಿಂತಿರುವುದರಿಂದ ಬಲ್ಲವರ ನೆರವಿನಿಂದ ತೆರೆಯಬಹುದು. ಸ್ಥಾಪಿಸುವ ಕಡತಗಳನ್ನೂ ಹಳೆಯ ತಂತ್ರಾಂಶಗಳನ್ನೂ ಹೊಸದಕ್ಕೆ ಒಯ್ಯಬಾರದು. ಕೂಡಿಸಿದ ಕಡತಗಳಲ್ಲಿ ಅಲ್ಲಲ್ಲಿ ಹತ್ತಿಪ್ಪತ್ತನ್ನು ತೆರೆದು ನೋಡಿ ಖಚಿತಪಡಿಸಿಕೊಂಡ ಮೇಲೆ ಸರ್ವರಿನಲ್ಲಿ ಹೊಸ ವ್ಯವಸ್ಥೆಯನ್ನು ಸ್ಥಾಪಿಸುವುದು. ಹಳೆಯ ಸರ್ವರಿನಲ್ಲಿ ಬಳಸಿದ್ದ ಪಾಸ್‌ವರ್ಡುಗಳನ್ನು, ವಿಶೇಷವಾಗಿ ಅಂಚೆ ಮತ್ತು ಬ್ಯಾಂಕಿನವನ್ನು, ಬೇರೊಂದು ಯಂತ್ರದಿಂದ ಬದಲಿಸುವುದು. ಭಾರತ ಸರ್ಕಾರವು 2017ರ ಫೆಬ್ರವರಿಯಲ್ಲಿ ಆರಂಭಿಸಿದ ಸೈಬರ್ ಸ್ವಚ್ಛತಾ ಕೇಂದ್ರವು ಮನೆಯ ಉಳಿದ ಯಂತ್ರಗಳನ್ನು ಪರೀಕ್ಷಿಸುವ ಸಾಧನಗಳನ್ನು ಉಚಿತವಾಗಿ ಒದಗಿಸುತ್ತದೆ.

ಒತ್ತೆಪತ್ರವು ಆಗಲೇ ಪರದೆಯ ಮೇಲೆ ಕಾಣಿಸಿಕೊಂಡಿದ್ದರೆ ಹಣ ಕಟ್ಟುವ ಆತುರ ಬೇಡ. ಕಟ್ಟಿದವರಿಗೆಲ್ಲ ಕೀಲಿ ದೊರೆತಿಲ್ಲ. ಹಾನಿಗೊಂಡ ಡಿಸ್ಕನ್ನು ಹಾಗೆಯೇ ತೆಗೆದಿಟ್ಟು, ಪತ್ರದ ಛಾಯಾಚಿತ್ರದೊಡನೆ ಹಾಸನದ ಸಿ.ಇ.ಎನ್. ಪೊಲೀಸ್ ಠಾಣೆಗೆ ದೂರು ಕೊಡಬಹುದು. ಹಣ ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಬೇಕು. ಇಂದು ಪರಿಹಾರವಿಲ್ಲದ ಗೂಢಲಿಪಿಗೆ ಒಂದೆರಡು ವರ್ಷಗಳ ಬಳಿಕ ಕೀಲಿ ದೊರೆತ ಉದಾಹರಣೆಗಳಿರುವುದರಿಂದ ಆ ಡಿಸ್ಕಿನ ಮೇಲೆ ತಾರೀಖನ್ನು ಬರೆದು, ಮನೆಯ ಕಾಗದಪತ್ರಗಳ ಜೊತೆಯಲ್ಲಿಯೇ ಇರಿಸುವುದು ಲೇಸು.